ಕ್ಯಾಮೆರಾ ಯಾರ ಕೈಯಲ್ಲಿತ್ತು? ಶ್ರೀಲಂಕಾ ಯುದ್ಧದ ಕೊನೆಯ ತಿಂಗಳುಗಳು ಮತ್ತು ಒಂದು ಸಾಕ್ಷ್ಯಚಿತ್ರ

ಸ್ಕಾಟ್ಲೆಂಡಿನ ಕ್ಯಾಲಮ್ ಮ್ಯಾಕ್ರೇ ನಿರ್ದೇಶಿಸಿದ ‘ನೋ ಫೈರ್ ಝೋನ್’ 2013ರಲ್ಲಿ ಹೊರಬಂತು. ಶ್ರೀಲಂಕಾದ ಅಂತರ್ಯುದ್ಧದ ಕೊನೆಯ ನಾಲ್ಕೂವರೆ ತಿಂಗಳನ್ನು ಅದು ಹೇಳುತ್ತದೆ. ಅದರಲ್ಲಿ ಬರುವ ಯುದ್ಧದ ದೃಶ್ಯಗಳಲ್ಲಿ ಒಂದನ್ನೂ ಮ್ಯಾಕ್ರೇ ತಂಡದವರು ಚಿತ್ರೀಕರಿಸಿಲ್ಲ. ಯುದ್ಧ ನಡೆಯುವಾಗ ಅವರು ಅಲ್ಲಿರಲಿಲ್ಲ. ಸ್ವತಂತ್ರ ಪತ್ರಕರ್ತರು ಯಾರೂ ಅಲ್ಲಿರಲಿಲ್ಲ, ಏಕೆಂದರೆ ಸರ್ಕಾರ ಒಳಗೆ ಬಿಟ್ಟಿರಲಿಲ್ಲ. ಇಡೀ ಚಿತ್ರ ನಿಂತಿರುವುದು ಬೇರೆಯವರು ತೆಗೆದ ತುಣುಕುಗಳ ಮೇಲೆ: ಬಂಕರಿನೊಳಗೆ ಅಡಗಿದ್ದ ತಮಿಳರು ತೆಗೆದದ್ದು, ಪ್ರತ್ಯೇಕ ತಮಿಳು ರಾಜ್ಯಕ್ಕಾಗಿ ಯುದ್ಧ ಹೂಡಿದ್ದ ಬಂಡುಕೋರ ಸಂಘಟನೆ ಎಲ್‌ಟಿಟಿಇಯ ಪ್ರಚಾರ ವಿಭಾಗ ತೆಗೆದದ್ದು, ವಿಶ್ವಸಂಸ್ಥೆಯ ನೌಕರರು ತೆಗೆದದ್ದು, ಸೇನೆಯ ಡ್ರೋನ್ ತೆಗೆದದ್ದು, ಕೊನೆಗೆ ಗೆದ್ದ ಸೈನಿಕರು ತಮ್ಮ ಮೊಬೈಲುಗಳಲ್ಲಿ ತೆಗೆದದ್ದು.

ಜನಾಂಗೀಯ ಸಂಘರ್ಷವನ್ನು ಸಾಕ್ಷ್ಯಚಿತ್ರ ಹೇಗೆ ಎದುರಿಸಬೇಕು ಎಂದು ಯೋಚಿಸುವವರಿಗೆ ಇದಕ್ಕಿಂತ ಮುಖ್ಯವಾದ ಪ್ರಕರಣ ನನಗೆ ಗೊತ್ತಿಲ್ಲ. ನಿರ್ದೇಶಕನ ಕೆಲಸ ಇಲ್ಲಿ ದೃಶ್ಯ ಹಿಡಿಯುವುದಾಗಿರಲಿಲ್ಲ. ಪ್ರತಿ ತುಣುಕನ್ನೂ ಹಿಡಿದುಕೊಂಡು ಇದನ್ನು ಯಾರು ತೆಗೆದರು, ಏಕೆ ತೆಗೆದರು, ಇದು ನಿಜವೇ, ಇದರ ಚೌಕಟ್ಟಿನ ಹೊರಗೆ ಏನಿತ್ತು ಎಂದು ಕೇಳುತ್ತ ಹೋಗುವುದಾಗಿತ್ತು. ಚಿತ್ರದ ಶಕ್ತಿಯೂ ಮಿತಿಯೂ ಎರಡೂ ಆ ಪ್ರಶ್ನೆಗಳಿಗೆ ಸಿಕ್ಕ ಉತ್ತರದಲ್ಲಿವೆ.

ಯುದ್ಧ ಎಲ್ಲಿಗೆ ಬಂದು ನಿಂತಿತ್ತು

ಹಿನ್ನೆಲೆಯನ್ನು ಚುಟುಕಾಗಿ ಹೇಳುತ್ತೇನೆ. 1956ರಲ್ಲಿ ಸಿಂಹಳವೊಂದನ್ನೇ ಆಡಳಿತ ಭಾಷೆ ಮಾಡಿದ ಕಾನೂನು, ಆಮೇಲೆ ವಿಶ್ವವಿದ್ಯಾಲಯ ಪ್ರವೇಶದಲ್ಲಿ ತಮಿಳು ವಿದ್ಯಾರ್ಥಿಗಳಿಗೆ ಆದ ತಾರತಮ್ಯ, 1981ರಲ್ಲಿ ಸುಟ್ಟುಹೋದ ಜಾಫ್ನಾ ಗ್ರಂಥಾಲಯ, 1983ರ ಜುಲೈನಲ್ಲಿ ಕೊಲಂಬೊದ ಬೀದಿಗಳಲ್ಲಿ ನಡೆದ ತಮಿಳರ ಹತ್ಯಾಕಾಂಡ. ಅಲ್ಲಿಂದ ಮುಂದಿನ ಇಪ್ಪತ್ತಾರು ವರ್ಷ ಯುದ್ಧ. ತಮಿಳರ ಹಕ್ಕಿನ ಹೋರಾಟವನ್ನು ಎಲ್‌ಟಿಟಿಇ ತನ್ನೊಬ್ಬನ ಸ್ವತ್ತು ಮಾಡಿಕೊಂಡಿತು. ಬೇರೆ ತಮಿಳು ಸಂಘಟನೆಗಳ ನಾಯಕರನ್ನು ಕೊಂದಿತು. 1990ರ ಆಗಸ್ಟಿನಲ್ಲಿ ಕಾತ್ತಾನ್‌ಕುಡಿಯ ಮಸೀದಿಗಳಲ್ಲಿ ಪ್ರಾರ್ಥನೆಗೆ ಸೇರಿದ್ದವರನ್ನು ಗುಂಡಿಟ್ಟು ಕೊಂದಿದ್ದಕ್ಕೆ ಅದನ್ನೇ ಹೊಣೆ ಮಾಡಲಾಗಿದೆ. ಅದೇ ಅಕ್ಟೋಬರಿನಲ್ಲಿ ಉತ್ತರ ಪ್ರಾಂತ್ಯದ ಮುಸ್ಲಿಮರನ್ನೆಲ್ಲ ಕೆಲವೇ ದಿನಗಳಲ್ಲಿ ಹೊರಗಟ್ಟಿತು.

ನಮ್ಮ ಕಡೆ ಈ ಯುದ್ಧದ ನೆನಪು ಬಹುಮಟ್ಟಿಗೆ 1991ರದ್ದು. ಮೇ 21ರಂದು ಶ್ರೀಪೆರಂಬುದೂರಿನಲ್ಲಿ ರಾಜೀವ್ ಗಾಂಧಿಯವರ ಹತ್ಯೆ, ಮೂರು ತಿಂಗಳ ನಂತರ ಬೆಂಗಳೂರಿನ ಕೋಣನಕುಂಟೆಯ ಮನೆಯೊಂದರಲ್ಲಿ ಆ ಹತ್ಯೆಯ ಸಂಚುಕೋರ ಶಿವರಾಸನ್ ಮತ್ತು ಸಂಗಡಿಗರ ಸಾವು. ಆ ನೆನಪಿನಿಂದಾಗಿ 2009ರಲ್ಲಿ ಎಲ್‌ಟಿಟಿಇ ಸೋತಾಗ ಕನ್ನಡದ ಓದುಗರಲ್ಲಿ ಹೆಚ್ಚಿನವರಿಗೆ ಅದು ಒಂದು ಹಳೆಯ ಲೆಕ್ಕ ಮುಗಿದಂತೆ ಕಂಡಿತು. ಆ ಸೋಲಿನ ಜೊತೆಗೆ ಸತ್ತ ಸಾಮಾನ್ಯರ ಕಡೆ ನಮ್ಮ ಕಣ್ಣು ಹೋಗಲಿಲ್ಲ. ಹೋಗದಿರಲು ಇನ್ನೊಂದು ಕಾರಣವೂ ಇತ್ತು. ನೋಡಲು ಚಿತ್ರಗಳೇ ಇರಲಿಲ್ಲ.

2008ರ ಸೆಪ್ಟೆಂಬರಿನಲ್ಲಿ, ಸುರಕ್ಷತೆಗೆ ತಾನು ಹೊಣೆಯಲ್ಲ ಎಂದು ಹೇಳಿದ ಸರ್ಕಾರ, ವಿಶ್ವಸಂಸ್ಥೆಯ ಅಂತರರಾಷ್ಟ್ರೀಯ ಸಿಬ್ಬಂದಿಯನ್ನು ಬಂಡುಕೋರರ ವಶದಲ್ಲಿದ್ದ ಉತ್ತರದ ಪಟ್ಟಣ ಕಿಳಿನೊಚ್ಚಿಯಿಂದ ಹೊರಡಿಸಿತು. ಹೊರಡಬೇಡಿ ಎಂದು ಕಚೇರಿಯ ಗೇಟಿನ ಮುಂದೆ ಜನ ಬೇಡಿಕೊಂಡ ದೃಶ್ಯ ಚಿತ್ರದ ಆರಂಭದಲ್ಲೇ ಬರುತ್ತದೆ. ಗೇಟಿನ ಒಳಗಿದ್ದ ನೌಕರರು ಹಿಡಿದ ದೃಶ್ಯ ಅದು. ಈ ಜನ ಮುಂದೇನಾಗುವುದೆಂದು ಚೆನ್ನಾಗಿ ತಿಳಿದೇ ಬೇಡುತ್ತಿದ್ದರು. ಸಾಕ್ಷಿಗಳು ಹೋದರೆ ಉಳಿಯುವುದು ಯುದ್ಧ ಮಾತ್ರ ಎಂಬುದು ಅವರಿಗೆ ಗೊತ್ತಿತ್ತು.

2009ರ ಜನವರಿ 2ರಂದು ಕಿಳಿನೊಚ್ಚಿ ಸೇನೆಯ ವಶವಾಯಿತು. ಜನವರಿ 8ರಂದು ಕೊಲಂಬೊದಲ್ಲಿ ‘ಸಂಡೇ ಲೀಡರ್’ ಪತ್ರಿಕೆಯ ಸಂಪಾದಕ ಲಸಂತ ವಿಕ್ರಮತುಂಗ ಅವರನ್ನು ಹಗಲುಹೊತ್ತಿನಲ್ಲಿ ಕೊಂದರು. ಜನವರಿ 21ಕ್ಕೆ ಸರ್ಕಾರ ಮೊದಲ ‘ಗುಂಡು ಹಾರದ ವಲಯ’ವನ್ನು ಘೋಷಿಸಿ, ನಾಗರಿಕರು ಅಲ್ಲಿಗೆ ಬರಬೇಕೆಂದು ಹೇಳಿತು. ಜನ ಬಂದರು. ಶೆಲ್‌ಗಳೂ ಅಲ್ಲಿಗೇ ಬಂದವು. ಫೆಬ್ರವರಿ 12ರಂದು ಎರಡನೆಯ ವಲಯ ಘೋಷಣೆಯಾಯಿತು. ಸಮುದ್ರ ಮತ್ತು ನಂದಿಕಡಲ್ ಹಿನ್ನೀರಿನ ನಡುವಿನ ಮರಳಪಟ್ಟಿ ಅದು, ಸುಮಾರು 14 ಚದರ ಕಿಲೋಮೀಟರು. ಮೇ ತಿಂಗಳಲ್ಲಿ ಮೂರನೆಯದು, ಮುಳ್ಳಿವಾಯ್ಕಾಲ್ ಸುತ್ತ, ಇನ್ನೂ ಚಿಕ್ಕದು. ಮೇ 18, 19ರ ಹೊತ್ತಿಗೆ ಎಲ್ಲ ಮುಗಿದಿತ್ತು.

ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿ ನೇಮಿಸಿದ ಮರ್ಜುಕಿ ದಾರುಸ್ಮನ್, ಯಾಸ್ಮಿನ್ ಸೂಕಾ, ಸ್ಟೀವನ್ ರಾಟ್ನರ್ ಅವರ ತಜ್ಞ ಸಮಿತಿ 2011ರಲ್ಲಿ ವರದಿ ಕೊಟ್ಟಿತು. ಕೊನೆಯ ಹಂತದಲ್ಲಿ ಉತ್ತರದ ವನ್ನಿ ಪ್ರದೇಶದಲ್ಲಿ ಸಿಕ್ಕಿಬಿದ್ದಿದ್ದವರು ಸುಮಾರು 3,30,000 ಜನ. ಸತ್ತ ನಾಗರಿಕರ ಸಂಖ್ಯೆ 40,000ದವರೆಗೂ ಇರಬಹುದು. ಹೆಚ್ಚಿನ ಸಾವುಗಳಿಗೆ ಸರ್ಕಾರಿ ಸೇನೆಯ ಶೆಲ್ ದಾಳಿ ಕಾರಣ. ಎಲ್‌ಟಿಟಿಇ ಜನರನ್ನು ಗುರಾಣಿಯಂತೆ ಇಟ್ಟುಕೊಂಡಿತು, ಓಡಿಹೋಗಲು ನೋಡಿದವರ ಮೇಲೆ ಗುಂಡು ಹಾರಿಸಿತು, ಮಕ್ಕಳನ್ನು ಬಲವಂತವಾಗಿ ಪಡೆಗೆ ಸೇರಿಸಿಕೊಂಡಿತು. ಎರಡೂ ಕಡೆಯ ಅಪರಾಧಗಳನ್ನು ಸಮಿತಿ ಹೆಸರಿಸಿ ಹೇಳಿದೆ. ತಾನು ಒಬ್ಬ ನಾಗರಿಕನೂ ಸಾಯದಂತೆ ಯುದ್ಧ ಮಾಡಿದೆ ಎಂಬುದು ಆಗಿನ ಸರ್ಕಾರದ ವಾದವಾಗಿತ್ತು.

ಗೆದ್ದವರ ಮೊಬೈಲು

2009ರ ಆಗಸ್ಟ್ 25ರಂದು ಬ್ರಿಟನ್ನಿನ ಚಾನೆಲ್ 4 ಸುದ್ದಿವಾಹಿನಿ ಒಂದು ಮೊಬೈಲ್ ತುಣುಕನ್ನು ತೋರಿಸಿತು. ದೇಶ ಬಿಟ್ಟು ಹೋಗಿದ್ದ ಶ್ರೀಲಂಕಾ ಪತ್ರಕರ್ತರ ಸಂಘಟನೆಯೊಂದು ಅದನ್ನು ತಲುಪಿಸಿತ್ತು. ಕೈ ಕಟ್ಟಿ, ಬಟ್ಟೆ ಬಿಚ್ಚಿಸಿ ಕೂರಿಸಿದ ಗಂಡಸರನ್ನು ಸಮವಸ್ತ್ರದವರು ಹಿಂದಿನಿಂದ ಗುಂಡಿಟ್ಟು ಕೊಲ್ಲುತ್ತಾರೆ. ಹಿನ್ನೆಲೆಯಲ್ಲಿ ಸಿಂಹಳ ಮಾತು. ತುಣುಕು ನಕಲಿ ಎಂದು ಸರ್ಕಾರ ಕೂಡಲೇ ಹೇಳಿತು, ತನ್ನ ಕಡೆಯ ತಜ್ಞರಿಂದಲೂ ಹೇಳಿಸಿತು.

ಇಲ್ಲಿಂದ ಮುಂದಿನ ಭಾಗವನ್ನು ಸಾಕ್ಷ್ಯಚಿತ್ರ ಮಾಡುವವರು ನಿಧಾನವಾಗಿ ಓದಬೇಕೆಂದು ನನ್ನ ಬಯಕೆ. ಕಾನೂನುಬಾಹಿರ ಹತ್ಯೆಗಳನ್ನು ಪರಿಶೀಲಿಸುವ ವಿಶ್ವಸಂಸ್ಥೆಯ ವಿಶೇಷ ವರದಿಗಾರ ಫಿಲಿಪ್ ಆಲ್ಸ್ಟನ್ ಮೂವರು ಸ್ವತಂತ್ರ ತಜ್ಞರನ್ನು ಕೂರಿಸಿದರು: ಒಬ್ಬರು ವಿಧಿವಿಜ್ಞಾನ ವೈದ್ಯರು, ಒಬ್ಬರು ಬಂದೂಕುಗಳನ್ನು ಬಲ್ಲವರು, ಒಬ್ಬರು ವಿಡಿಯೊ ವಿಶ್ಲೇಷಕರು. ಗುಂಡು ಹಾರಿದಾಗ ಬಂದೂಕು ಹಿಂದಕ್ಕೆ ಒದೆಯುವ ರೀತಿ, ಹಾರಿಸಿದವನ ಮೈ ಅಲುಗುವ ರೀತಿ, ನಳಿಕೆಯಿಂದ ಹೊರಬರುವ ಹೊಗೆ ನಿಜವಾದ ಗುಂಡಿಗೆ ಹೊಂದುತ್ತವೆಯೇ, ದೇಹ ಬೀಳುವುದು ಮತ್ತು ರಕ್ತ ಹರಿಯುವುದು ಹತ್ತಿರದಿಂದ ಹೊಡೆದ ಗುಂಡಿಗೆ ತಕ್ಕಂತಿದೆಯೇ, ಚಿತ್ರಿಕೆಯಲ್ಲಿ ಎಲ್ಲಾದರೂ ಕತ್ತರಿ ಬಿದ್ದಿದೆಯೇ, ಒಂದರ ಮೇಲೊಂದು ಪದರ ಕೂರಿಸಲಾಗಿದೆಯೇ ಎಂದು ಪರೀಕ್ಷಿಸಿದರು. ತುಣುಕು ನಿಜವಾದದ್ದೆಂದು ತೋರುತ್ತದೆ ಎಂಬ ತೀರ್ಮಾನ 2010ರ ಜನವರಿಯಲ್ಲಿ ಹೊರಬಂತು. ಆಲ್ಸ್ಟನ್ ಅಷ್ಟಕ್ಕೇ ನಿಲ್ಲಿಸಲಿಲ್ಲ. ಬಿಡಿಸಿ ಹೇಳಲಾಗದ ಕೆಲವು ಅಂಶಗಳಿವೆ ಎಂದೂ ಬಹಿರಂಗವಾಗಿಯೇ ಬರೆದರು. ತುಣುಕಿನೊಳಗೆ ದಾಖಲಾಗಿದ್ದ ದಿನಾಂಕ 2009ರ ಜುಲೈನದ್ದು, ಯುದ್ಧ ಮುಗಿದದ್ದು ಮೇನಲ್ಲಿ. ಕೆಲವು ದೇಹಗಳ ಚಲನೆಯೂ ಪ್ರಶ್ನೆ ಎಬ್ಬಿಸುವಂತಿತ್ತು. ತಮ್ಮ ವಾದಕ್ಕೆ ತೊಡಕಾಗುವ ಅಂಶವನ್ನು ತಾವೇ ಎತ್ತಿ ಮುಂದಿಟ್ಟದ್ದರಿಂದ ಆ ವರದಿಯ ತೂಕ ಹೆಚ್ಚಿತು. ಮುಂದೆ 2010ರ ಕೊನೆಯಲ್ಲಿ ಅದೇ ಘಟನೆಯ ಉದ್ದನೆಯ ತುಣುಕು ಸಿಕ್ಕಾಗ ಆಲ್ಸ್ಟನ್ ನಂತರ ಬಂದ ಕ್ರಿಸ್ಟೋಫ್ ಹೈನ್ಸ್ ಮತ್ತೆ ತಜ್ಞರಿಂದ ಪರೀಕ್ಷೆ ಮಾಡಿಸಿದರು. 2011ರಲ್ಲಿ ಅವರೂ ಅದು ನಿಜವೆಂದೇ ತೀರ್ಮಾನಿಸಿದರು.

ಮ್ಯಾಕ್ರೇ ಇದಕ್ಕೆ ಕೈ ಹಾಕಿದ್ದು ಇದೇ ಹೊತ್ತಿಗೆ. ಚಾನೆಲ್ 4ಗಾಗಿ ಅವರು ಮಾಡಿದ ಮೊದಲ ಕಾರ್ಯಕ್ರಮ ‘ಶ್ರೀಲಂಕಾಸ್ ಕಿಲ್ಲಿಂಗ್ ಫೀಲ್ಡ್ಸ್’ 2011ರ ಜೂನ್ 14ರಂದು ರಾತ್ರಿ ಹನ್ನೊಂದರ ನಂತರ ಪ್ರಸಾರವಾಯಿತು. 2012ರ ಮಾರ್ಚಿನಲ್ಲಿ ಎರಡನೆಯದು, ಮರುವರ್ಷ ಪೂರ್ಣಾವಧಿಯ ‘ನೋ ಫೈರ್ ಝೋನ್’. ದೃಶ್ಯಗಳು ಅತಿಯಾಗಿ ಘೋರ ಎಂಬ ದೂರುಗಳು ಬ್ರಿಟನ್ನಿನ ಪ್ರಸಾರ ನಿಯಂತ್ರಣ ಸಂಸ್ಥೆ ಆಫ್‌ಕಾಮ್‌ಗೆ ಹೋದವು. ಪ್ರಸಾರ ಸಂಹಿತೆಯ ಉಲ್ಲಂಘನೆ ಆಗಿಲ್ಲವೆಂದು ಸಂಸ್ಥೆ ಹೇಳಿತು. ಶ್ರೀಲಂಕಾದ ರಕ್ಷಣಾ ಸಚಿವಾಲಯ ಉತ್ತರವಾಗಿ ತನ್ನದೇ ಒಂದು ಚಿತ್ರ ಮಾಡಿತು.

ಸೈನಿಕರು ಈ ತುಣುಕುಗಳನ್ನು ತೆಗೆದದ್ದು ತಮ್ಮ ಗೆಲುವಿನ ಸಂಭ್ರಮಕ್ಕೆ, ತಮ್ಮೊಳಗೆ ಹಂಚಿಕೊಳ್ಳುವುದಕ್ಕೆ. ಬೇಟೆಗಾರ ಸತ್ತ ಪ್ರಾಣಿಯ ಪಕ್ಕ ನಿಂತು ಫೋಟೊ ತೆಗೆಸಿಕೊಳ್ಳುವ ಹಾಗೆ. ತೆಗೆದವನ ಉದ್ದೇಶವೇ ಆ ಚೌಕಟ್ಟಿನಲ್ಲಿ ಕೂತಿರುತ್ತದೆ: ಯಾವ ಕೋನ, ಯಾವುದರ ಮೇಲೆ ನಿಲ್ಲುವ ಕಣ್ಣು, ಹಿನ್ನೆಲೆಯ ನಗು. ಸತ್ತ ಹೆಂಗಸರ ದೇಹಗಳನ್ನು ತೋರಿಸುವ ತುಣುಕುಗಳಲ್ಲಂತೂ ಆ ಕಣ್ಣೇ ಅತ್ಯಾಚಾರದ ಮುಂದುವರಿಕೆ. ಅದನ್ನು ಹಾಗೆಯೇ ಪರದೆಗೆ ತಂದರೆ ಕೊಂದವನ ಕಣ್ಣಿನಿಂದಲೇ ನಾವೂ ನೋಡಿದ ಹಾಗಾಗುತ್ತದೆ. ತೋರಿಸದೆ ಬಿಟ್ಟರೆ ಸರ್ಕಾರ ಅಲ್ಲಗಳೆಯುತ್ತಿರುವ ಅಪರಾಧಕ್ಕೆ ಇರುವ ಪುರಾವೆಯೇ ಕಣ್ಮರೆ. ಈ ಇಕ್ಕಟ್ಟಿಗೆ ಪೂರ್ತಿ ಪರಿಹಾರ ಇದೆಯೆಂದು ನಾನು ನಂಬುವುದಿಲ್ಲ.

ಮ್ಯಾಕ್ರೇ ತಂಡ ಕೈಗೆ ಬಂದದ್ದನ್ನೆಲ್ಲ ತೋರಿಸಲಿಲ್ಲ. ತೋರಿಸಿದ್ದನ್ನು ಬದುಕುಳಿದವರ ಮಾತಿನ ಪಕ್ಕದಲ್ಲಿಟ್ಟಿತು. ಆಸ್ಪತ್ರೆಯೆಂದು ಕರೆದುಕೊಂಡ ಶಾಲೆಕಟ್ಟಡಗಳಲ್ಲಿ ಅರಿವಳಿಕೆಯಿಲ್ಲದೆ ಶಸ್ತ್ರಚಿಕಿತ್ಸೆ ನಡೆದದ್ದು, ಪುದುಕ್ಕುಡಿಯಿರುಪ್ಪು ಆಸ್ಪತ್ರೆಗೆ ಮತ್ತೆ ಮತ್ತೆ ಶೆಲ್ ಬಿದ್ದದ್ದು, ಬಂಕರಿನಿಂದ ಹೊರಗೆ ಹೋದವರು ಮರಳದೆ ಹೋದದ್ದು. ಹೀಗೆ ಮಾತು ಮತ್ತು ದೃಶ್ಯ ಒಂದನ್ನೊಂದು ಹಿಡಿದು ನಿಲ್ಲುವ ಕಡೆಗಳಲ್ಲಿ ಸೈನಿಕನ ತುಣುಕು ಅವನ ಕೈಬಿಟ್ಟು ಸತ್ತವರ ಕಡೆಯ ಸಾಕ್ಷ್ಯವಾಗುತ್ತದೆ. ಮಾತಿನ ಆಧಾರ ಇಲ್ಲದೆ ದೇಹಗಳು ಸಾಲಾಗಿ ಬರುವ ಕೆಲವು ನಿಮಿಷಗಳಲ್ಲಿ ಹಾಗಾಗುವುದಿಲ್ಲ. ಆ ನಿಮಿಷಗಳನ್ನು ಇನ್ನಷ್ಟು ಕತ್ತರಿಸಬೇಕಿತ್ತೆಂದು ನನ್ನ ಅಭಿಪ್ರಾಯ. ಸತ್ತವರ ಮನೆಯವರು ಎಲ್ಲೋ ಕೂತು ಅದನ್ನು ನೋಡುತ್ತಾರೆ, ಅವರನ್ನು ಯಾರೂ ಕೇಳಿರುವುದಿಲ್ಲ.

ಬಂಕರಿನಲ್ಲಿ ಕೂತ ಹುಡುಗ

ಚಿತ್ರದ ಅತ್ಯಂತ ಗಟ್ಟಿಯಾದ ಸಾಕ್ಷ್ಯ ಹಿಂಸೆಯನ್ನೇ ತೋರಿಸದ ಒಂದು ಸ್ಥಿರಚಿತ್ರ. ಎಲ್‌ಟಿಟಿಇ ನಾಯಕ ಪ್ರಭಾಕರನ್ ಅವರ ಹನ್ನೆರಡು ವರ್ಷದ ಮಗ ಬಾಲಚಂದ್ರನ್ ಮರಳುಚೀಲಗಳ ಬಂಕರಿನಲ್ಲಿ ಕೂತು ಏನೋ ತಿನ್ನುತ್ತಿದ್ದಾನೆ. ಹೆಗಲ ಮೇಲೊಂದು ಬಟ್ಟೆ. ಇನ್ನೊಂದು ಚಿತ್ರದಲ್ಲಿ ಅದೇ ಹುಡುಗನ ದೇಹ, ಎದೆಯಲ್ಲಿ ಗುಂಡಿನ ಗಾಯಗಳು. ಎರಡೂ ಚಿತ್ರಗಳನ್ನು ತೆಗೆದದ್ದು ಒಂದೇ ಕ್ಯಾಮೆರಾ ಎಂದು ತಾಂತ್ರಿಕ ಪರೀಕ್ಷೆ ತೋರಿಸಿತು. ನಡುವಿನ ಅಂತರ ಎರಡು ಗಂಟೆಯಷ್ಟು. ವಿಧಿವಿಜ್ಞಾನ ತಜ್ಞ ಡೆರಿಕ್ ಪೌಂಡರ್ ಐದು ಗುಂಡಿನ ಗಾಯಗಳನ್ನು ಗುರುತಿಸಿ, ಮೊದಲನೆಯದನ್ನು ಎರಡು ಮೂರು ಅಡಿ ದೂರದಿಂದಲೇ ಹೊಡೆಯಲಾಗಿದೆ ಎಂದರು. ಹುಡುಗ ಗುಂಡಿನ ಚಕಮಕಿಯಲ್ಲಿ ಸತ್ತನೆಂಬ ವಾದ ಆ ಎರಡು ಗಂಟೆಯ ಮುಂದೆ ನಿಲ್ಲಲಿಲ್ಲ. ಸೆರೆಸಿಕ್ಕ ಮಗುವಿಗೆ ಯಾರೋ ತಿನ್ನಲು ಕೊಟ್ಟಿದ್ದರು. ಆಮೇಲೆ ಯಾರೋ ಕೊಂದಿದ್ದರು.

ಸರ್ಕಾರ ಇದನ್ನೂ ನಿರಾಕರಿಸಿತು. 2013ರ ಫೆಬ್ರವರಿಯಲ್ಲಿ ಈ ಚಿತ್ರಗಳು ‘ದಿ ಹಿಂದೂ’ ಸೇರಿ ಹಲವು ಪತ್ರಿಕೆಗಳಲ್ಲಿ ಬಂದಾಗ ತಮಿಳುನಾಡು ಕೆರಳಿತು. ಚೆನ್ನೈನ ಲೊಯೊಲಾ ಕಾಲೇಜಿನ ವಿದ್ಯಾರ್ಥಿಗಳು ಉಪವಾಸ ಕೂತರು, ಚಳವಳಿ ರಾಜ್ಯದ ಕಾಲೇಜುಗಳಿಗೆಲ್ಲ ಹಬ್ಬಿತು. ಮಾರ್ಚ್ 19ರಂದು ಡಿಎಂಕೆ ಕೇಂದ್ರದ ಯುಪಿಎ ಸರ್ಕಾರಕ್ಕೆ ಕೊಟ್ಟಿದ್ದ ಬೆಂಬಲ ಹಿಂತೆಗೆದುಕೊಂಡಿತು. ಚಿತ್ರದ ಫೈಲಿನೊಳಗೆ ತಾನಾಗಿ ದಾಖಲಾಗುವ ಸಮಯ, ಕ್ಯಾಮೆರಾ ವಿವರಗಳ, ಅಂದರೆ ಮೆಟಾಡೇಟಾದ, ಒಂದು ಪರೀಕ್ಷೆ ದೆಹಲಿಯ ಸರ್ಕಾರವನ್ನು ಅಲುಗಿಸುವವರೆಗೆ ಬಂದದ್ದು ಅಪರೂಪದ ಸಂಗತಿ.

ಪ್ರಭಾಕರನ್ ಮಗ ಎಂಬ ಕಾರಣಕ್ಕೆ ಈ ಹುಡುಗನಿಗೆ ಹೆಸರು ಸಿಕ್ಕಿತು. ಎಲ್‌ಟಿಟಿಇ ಬಲವಂತವಾಗಿ ಎಳೆದೊಯ್ದ, ಬಂದೂಕು ಹಿಡಿಸಿದ ಅದೇ ವಯಸ್ಸಿನ ಮಕ್ಕಳ ಸ್ಥಿರಚಿತ್ರಗಳು ಹೀಗೆ ಪ್ರಪಂಚ ಸುತ್ತಲಿಲ್ಲ. ಪ್ರಕರಣದ ಕಠಿಣವಾದ ಭಾಗ ಇಲ್ಲಿಂದ ಶುರುವಾಗುತ್ತದೆ.

ತೆಗೆಯದೇ ಉಳಿದ ದೃಶ್ಯಗಳು

ಚಿತ್ರ ಏಕಪಕ್ಷೀಯ ಎಂಬ ಆರೋಪ ಮೊದಲಿನಿಂದಲೂ ಇದೆ. ಸರ್ಕಾರದ ವಕ್ತಾರರು ಹೇಳಿದ ರೀತಿಯಲ್ಲಿ ಅದನ್ನು ನಾನು ಒಪ್ಪುವುದಿಲ್ಲ. ಎಲ್‌ಟಿಟಿಇಯ ಆತ್ಮಹತ್ಯಾ ದಾಳಿ, ಓಡಿಹೋಗುವವರ ಮೇಲಿನ ಗುಂಡು, ಬಲವಂತದ ಸೇರ್ಪಡೆ ಎಲ್ಲವನ್ನೂ ಚಿತ್ರ ಹೇಳುತ್ತದೆ, ಅವು ಯುದ್ಧಾಪರಾಧಗಳೆಂದೇ ಹೇಳುತ್ತದೆ. ಆದರೆ ನೋಡಿ ಎದ್ದವರ ಮನಸ್ಸಿನಲ್ಲಿ ಉಳಿಯುವ ದೃಶ್ಯಗಳಲ್ಲಿ ಅವು ಇರುವುದಿಲ್ಲ. ಇದಕ್ಕೆ ನಿರ್ದೇಶಕರ ಪಕ್ಷಪಾತಕ್ಕಿಂತ ಆಳವಾದ ಕಾರಣ ಇದೆ.

ಕೊನೆಯ ತಿಂಗಳುಗಳಲ್ಲಿ ಮರಳಪಟ್ಟಿಯ ಒಳಗಿದ್ದ ಕ್ಯಾಮೆರಾಗಳಲ್ಲಿ ಹಲವು ಎಲ್‌ಟಿಟಿಇಗೆ ಸೇರಿದವು ಅಥವಾ ಅದರ ಕಣ್ಗಾವಲಿನಲ್ಲಿದ್ದವು. ಶೆಲ್ ಬಿದ್ದ ಆಸ್ಪತ್ರೆಯನ್ನು ಆ ಕ್ಯಾಮೆರಾ ತೆಗೆಯುತ್ತದೆ, ತೆಗೆಯಲೇಬೇಕು, ಅದು ಹೊರಜಗತ್ತಿಗೆ ತಲುಪಬೇಕಾದ ಸುದ್ದಿ. ಅದೇ ಕ್ಯಾಮೆರಾ ಹಿನ್ನೀರು ದಾಟಿ ಸೇನೆಯ ಕಡೆ ಓಡುತ್ತಿದ್ದ ಕುಟುಂಬದ ಮೇಲೆ ತನ್ನವರೇ ಗುಂಡು ಹಾರಿಸಿದ್ದನ್ನು ತೆಗೆಯುವುದಿಲ್ಲ. ತೆಗೆದಿದ್ದರೂ ಉಳಿಸುವುದಿಲ್ಲ. ಸೇನೆಯ ಮೊಬೈಲುಗಳು ತೆಗೆದದ್ದು ತಾವು ಗೆದ್ದ ಮೇಲಿನದನ್ನು. ಸೇನೆಯ ಡ್ರೋನಿಗೆ ಕಂಡದ್ದು ಮೇಲಿನಿಂದ ಇರುವೆಗಳಷ್ಟು ಚಿಕ್ಕದಾಗಿ ಓಡುವ ಜನ. ಹೀಗಾಗಿ ಒಂದು ಬಗೆಯ ಅಪರಾಧಕ್ಕೆ ಗಂಟೆಗಟ್ಟಲೆ ದೃಶ್ಯ, ಇನ್ನೊಂದಕ್ಕೆ ಬರೀ ಬಾಯಿಮಾತು. ಸಂಕಲನದ ಮೇಜಿನ ಮೇಲೆ ದೃಶ್ಯ ಮತ್ತು ಬಾಯಿಮಾತು ಎದುರಾದಾಗ ದೃಶ್ಯವೇ ಗೆಲ್ಲುತ್ತದೆ.

ಸಿಕ್ಕ ತುಣುಕುಗಳಿಂದ ಚಿತ್ರ ಮಾಡುವವನು ಆ ತುಣುಕುಗಳ ಕುರುಡುತನವನ್ನೂ ಜೊತೆಗೆ ತೆಗೆದುಕೊಳ್ಳುತ್ತಾನೆ. ಅದನ್ನು ತುಂಬಲು ದಾರಿಗಳಿವೆ. ದೃಶ್ಯವಿಲ್ಲದ ಕಡೆ ಸಾಕ್ಷಿಯ ಮುಖದ ಮೇಲೆ ನಿಂತುಬಿಡುವುದು, ಪೂರ್ತಿ ಹೇಳಿ ಮುಗಿಸುವವರೆಗೆ ಕತ್ತರಿಸದೆ ಕೇಳುವುದು, ಇದರ ಚಿತ್ರ ಏಕಿಲ್ಲ ಎಂದು ಪ್ರೇಕ್ಷಕರಿಗೆ ಬಿಡಿಸಿ ಹೇಳುವುದು. ‘ನೋ ಫೈರ್ ಝೋನ್’ ಪ್ರತಿ ತುಣುಕಿನ ಮೂಲವನ್ನು ತಜ್ಞರ ಬಾಯಲ್ಲಿ ಹೇಳಿಸುವುದರಲ್ಲಿ ತೋರಿದ ಎಚ್ಚರವನ್ನು ಇಲ್ಲದ ತುಣುಕುಗಳ ವಿಷಯದಲ್ಲಿ ತೋರಲಿಲ್ಲ. ಮಗನನ್ನು ಎಲ್‌ಟಿಟಿಇ ಎಳೆದೊಯ್ದು, ಗಂಡನನ್ನು ಸೇನೆಯ ಶೆಲ್ ಕೊಂದ ತಾಯಂದಿರು ವನ್ನಿಯಲ್ಲಿ ಒಬ್ಬಿಬ್ಬರಲ್ಲ. ಅವರ ಅನುಭವಕ್ಕೆ ಎರಡು ಪಕ್ಷಗಳಿಲ್ಲ, ಒಂದೇ ಬದುಕು ಇದೆ. ಆ ತಾಯಿಗೆ ಚಿತ್ರದಲ್ಲಿ ಇನ್ನೂ ಹತ್ತು ನಿಮಿಷ ಸಿಕ್ಕಿದ್ದರೆ ಏಕಪಕ್ಷೀಯ ಎಂಬ ಆರೋಪಕ್ಕೆ ಅವಳೇ ಉತ್ತರವಾಗುತ್ತಿದ್ದಳು.

ಯಾರಿಗೆ ತೋರಿಸಿದರು, ಯಾರು ತಡೆದರು

ಹೆಚ್ಚಿನ ಸಾಕ್ಷ್ಯಚಿತ್ರಗಳು ಉತ್ಸವಗಳಿಗೆ ಹೋಗುತ್ತವೆ. ಇದು ಮೊದಲು ಹೋದದ್ದು ಮತ ಹಾಕುವವರ ಹತ್ತಿರಕ್ಕೆ. 2013ರ ಮಾರ್ಚಿನಲ್ಲಿ ಜಿನೀವಾದಲ್ಲಿ ವಿಶ್ವಸಂಸ್ಥೆಯ ಮಾನವ ಹಕ್ಕು ಮಂಡಳಿಯ ಅಧಿವೇಶನ ನಡೆಯುತ್ತಿರುವಾಗಲೇ ಅಲ್ಲಿಯೇ ಪ್ರದರ್ಶನ ಇಟ್ಟುಕೊಂಡರು. ಶ್ರೀಲಂಕಾದ ರಾಯಭಾರಿ ವಿರೋಧಿಸಿದರು. ಪ್ರದರ್ಶನ ನಡೆಯಿತು.

ಆ ಮಂಡಳಿಯ ಮತಗಳ ಸಾಲನ್ನು ನೋಡಿದರೆ ಹವಾ ಹೇಗೆ ತಿರುಗಿತೆಂದು ತಿಳಿಯುತ್ತದೆ. ಯುದ್ಧ ಮುಗಿದ ಎಂಟೊಂಬತ್ತು ದಿನಕ್ಕೆ, 2009ರ ಮೇ 27ರಂದು, ಮಂಡಳಿ ಶ್ರೀಲಂಕಾ ಸರ್ಕಾರವನ್ನು ಮೆಚ್ಚುವ ನಿರ್ಣಯವನ್ನು 29-12ರಿಂದ ಒಪ್ಪಿತ್ತು, ಭಾರತದ ಮತವೂ ಪರವಾಗಿಯೇ ಇತ್ತು. 2012ರ ಮಾರ್ಚಿನಲ್ಲಿ ಹೊಣೆಗಾರಿಕೆ ಕೇಳುವ ನಿರ್ಣಯ 24-15ರಿಂದ, 2013ರಲ್ಲಿ 25-13ರಿಂದ ಗೆದ್ದಿತು. ಎರಡಕ್ಕೂ ಭಾರತ ಪರವಾಗಿ ಮತ ಹಾಕಿತು. 2014ರಲ್ಲಿ ಅಂತರರಾಷ್ಟ್ರೀಯ ತನಿಖೆಗೆ ಆದೇಶಿಸುವ ನಿರ್ಣಯ 23-12ರಿಂದ ಗೆದ್ದಾಗ ಭಾರತ ತಟಸ್ಥವಾಗಿ ಉಳಿಯಿತು. ಇದೆಲ್ಲ ಒಂದು ಚಿತ್ರದಿಂದ ಆಯಿತೆಂದು ಹೇಳಿದರೆ ತಪ್ಪಾಗುತ್ತದೆ. ದಾರುಸ್ಮನ್ ಸಮಿತಿಯ ವರದಿ, ಅಮೆರಿಕದ ಒತ್ತಾಯ, ತಮಿಳುನಾಡಿನ ರಾಜಕೀಯ, ವನ್ನಿಯಲ್ಲಿ ತನ್ನ ಸಂಸ್ಥೆಯೇ ಸೋತಿತೆಂದು ಒಪ್ಪಿಕೊಂಡ 2012ರ ವಿಶ್ವಸಂಸ್ಥೆಯ ಆಂತರಿಕ ಪರಿಶೀಲನೆ, ಎಲ್ಲ ಸೇರಿ ಆದದ್ದು. ಏನೂ ಆಗಿಲ್ಲ ಎಂದು ಸುಲಭವಾಗಿ ಹೇಳಿ ಎದ್ದುಹೋಗುವ ಅವಕಾಶವನ್ನು ಚಿತ್ರ ಕಿತ್ತುಕೊಂಡಿತು, ಅಷ್ಟನ್ನು ಧೈರ್ಯವಾಗಿ ಹೇಳಬಹುದು.

ಏಷ್ಯಾದಲ್ಲಿ ಅದನ್ನು ತಡೆದವರ ಪಟ್ಟಿಯೂ ಉದ್ದ. 2013ರಲ್ಲಿ ಕಠ್ಮಂಡುವಿನ ‘ಫಿಲ್ಮ್ ಸೌತ್ ಏಷ್ಯಾ’ ಉತ್ಸವದಲ್ಲಿ ಶ್ರೀಲಂಕಾ ಕುರಿತ ಮೂರು ಚಿತ್ರಗಳಿಗೆ ನೇಪಾಳದ ಅಧಿಕಾರಿಗಳು ತಡೆ ಒಡ್ಡಿದರು, ಅವುಗಳಲ್ಲಿ ಇದೂ ಒಂದು. ಮಲೇಷ್ಯಾದಲ್ಲಿ ಅದೇ ವರ್ಷದ ಜುಲೈನಲ್ಲಿ ಖಾಸಗಿ ಪ್ರದರ್ಶನ ಏರ್ಪಡಿಸಿದ ಮಾನವ ಹಕ್ಕು ಕಾರ್ಯಕರ್ತೆಯೊಬ್ಬರ ಮೇಲೆ ಚಲನಚಿತ್ರ ಸೆನ್ಸಾರ್ ಕಾನೂನಿನಡಿ ಮೊಕದ್ದಮೆ ಬಿತ್ತು. ಒಮ್ಮೆ ಬಿಡುಗಡೆಯಾಗಿ, ಮೇಲ್ಮನವಿಯಲ್ಲಿ ಅದು ರದ್ದಾಗಿ, ಕೊನೆಗೆ 2017ರಲ್ಲಿ ಅವರಿಗೆ 10,000 ರಿಂಗಿಟ್ ದಂಡ ಹಾಕಿದರು. ಚಿತ್ರ ಮಾಡಿದವನಿಗೆ ಪ್ರಶಸ್ತಿ ಪಟ್ಟಿಗಳಲ್ಲಿ ಹೆಸರು, ತೋರಿಸಿದವಳಿಗೆ ನಾಲ್ಕು ವರ್ಷ ಕೋರ್ಟು. ಇಂಥ ಚಿತ್ರಗಳ ಚರ್ಚೆಯಲ್ಲಿ ಪ್ರದರ್ಶನ ಏರ್ಪಡಿಸುವವರ ಹೆಸರೇ ಬರುವುದಿಲ್ಲವೆಂಬುದು ನನ್ನನ್ನು ಕಾಡುವ ಸಂಗತಿ. ನಮ್ಮೂರ ಚಿತ್ರಸಮಾಜಗಳಲ್ಲಿ ಪ್ರೊಜೆಕ್ಟರ್ ಹೊತ್ತು ತಿರುಗುವವರಿಗೆ ಇದು ಅರ್ಥವಾಗುತ್ತದೆ.

ಭಾರತದಲ್ಲಿ ಏನಾಯಿತು? ನಿರ್ದೇಶಕರಿಗೆ ವೀಸಾ ಸಿಗಲಿಲ್ಲ. ಕೇಂದ್ರ ಚಲನಚಿತ್ರ ಪ್ರಮಾಣನ ಮಂಡಳಿ 2014ರಲ್ಲಿ ಪ್ರಮಾಣಪತ್ರ ನಿರಾಕರಿಸಿತು. ದೃಶ್ಯಗಳು ಮನಕಲಕುವಂಥವು, ಸಾರ್ವಜನಿಕ ಪ್ರದರ್ಶನಕ್ಕೆ ತಕ್ಕವಲ್ಲ, ಶ್ರೀಲಂಕಾದೊಂದಿಗಿನ ಸ್ನೇಹಕ್ಕೆ ಧಕ್ಕೆಯಾಗಬಹುದು ಎಂಬುದು ಕಾರಣ. 1952ರ ಸಿನಿಮಾಟೋಗ್ರಾಫ್ ಕಾಯ್ದೆಯಲ್ಲಿ ವಿದೇಶಗಳೊಂದಿಗಿನ ಸ್ನೇಹಸಂಬಂಧ ಒಂದು ಕಾರಣವಾಗಿ ಇದ್ದೇ ಇದೆ, ಹಾಗಾಗಿ ಮಂಡಳಿ ಕಾನೂನಿನ ಹೊರಗೆ ಹೋಗಲಿಲ್ಲ. ಆದರೆ ಅದೇ ಸರ್ಕಾರ ಜಿನೀವಾದಲ್ಲಿ ಎರಡು ಸಲ ಹೊಣೆಗಾರಿಕೆಯ ಪರವಾಗಿ ಮತ ಹಾಕಿತ್ತು. ಪುರಾವೆಯ ಆಧಾರದ ಮೇಲೆ ಮತ ಹಾಕಬಹುದು, ಆ ಪುರಾವೆಯನ್ನು ನಾಗರಿಕರು ನೋಡಬಾರದು ಎಂಬ ನಿಲುವನ್ನು ಸಮರ್ಥಿಸಿಕೊಳ್ಳುವುದು ಕಷ್ಟ. ಮ್ಯಾಕ್ರೇ ತಂಡ ಭಾರತದ ನೋಡುಗರಿಗಾಗಿ ಚಿತ್ರವನ್ನು ಅಂತರ್ಜಾಲದಲ್ಲಿ ಉಚಿತವಾಗಿ ಬಿಟ್ಟಿತು.

ಶ್ರೀಲಂಕಾಕ್ಕೆ ಮ್ಯಾಕ್ರೇ ಹೋದದ್ದು 2013ರ ನವೆಂಬರಿನಲ್ಲಿ, ಕೊಲಂಬೊದಲ್ಲಿ ಕಾಮನ್‌ವೆಲ್ತ್ ಶೃಂಗಸಭೆ ನಡೆದಾಗ. ಉತ್ತರಕ್ಕೆ ಹೊರಟ ರೈಲನ್ನು ಅನುರಾಧಪುರದಲ್ಲಿ ಪ್ರತಿಭಟನಾಕಾರರು ತಡೆದರು. ಪೊಲೀಸರು ಚಾನೆಲ್ 4 ತಂಡವನ್ನು ಕೊಲಂಬೊಗೆ ವಾಪಸು ಕಳಿಸಿದರು. ಚಿತ್ರ ನೋಡಿಯೇ ಬಂದಿದ್ದೇನೆಂದು ಬಹಿರಂಗವಾಗಿ ಹೇಳಿದ್ದ ಬ್ರಿಟಿಷ್ ಪ್ರಧಾನಿ ಡೇವಿಡ್ ಕ್ಯಾಮರಾನ್ ಆಗಲೇ ಜಾಫ್ನಾಕ್ಕೆ ಹೋಗಿಬಂದರು. ಆ ಸಭೆಗೆ ಸ್ವಲ್ಪ ಮೊದಲು ಇನ್ನೊಂದು ತುಣುಕು ಹೊರಬಂದಿತ್ತು. ಎಲ್‌ಟಿಟಿಇ ದೂರದರ್ಶನದ ವಾರ್ತಾವಾಚಕಿ ಇಸೈಪ್ರಿಯಾ ಕಾಳಗದಲ್ಲಿ ಸತ್ತರೆಂದು ರಕ್ಷಣಾ ಸಚಿವಾಲಯ 2009ರಲ್ಲೇ ಹೇಳಿತ್ತು. ತುಣುಕಿನಲ್ಲಿ ಸೈನಿಕರು ಅವರನ್ನು ಜೀವಂತವಾಗಿ ನೀರಿನಿಂದ ಹಿಡಿದು ತರುತ್ತಿದ್ದಾರೆ. ಸಾವಿನ ನಂತರದ ದೃಶ್ಯ ಮೊದಲೇ ಸಿಕ್ಕಿತ್ತು, ಸಾವಿಗೆ ಮುಂಚಿನದು ಮೂರು ವರ್ಷ ತಡವಾಗಿ ಬಂತು.

ಸಿಂಹಳ ಪ್ರೇಕ್ಷಕರು

ಇಡೀ ಪ್ರಕರಣದಲ್ಲಿ ತಡವಾಗಿ ಆದ ಕೆಲಸವೆಂದರೆ ಸಿಂಹಳ ಆವೃತ್ತಿ. ಅದು ಹೊರಬಂದದ್ದು 2014ರಲ್ಲಿ. ಮೂರು ವರ್ಷ ಲಂಡನ್, ಜಿನೀವಾ, ದೆಹಲಿಗಳ ಕಡೆ ಮುಖ ಮಾಡಿದ್ದ ಸಾಕ್ಷ್ಯ ಆಗ ತಾನು ನಿಜವಾಗಿ ತಲುಪಬೇಕಿದ್ದವರ ಕಡೆ ತಿರುಗಿತು. ಅಷ್ಟರೊಳಗೆ ಆ ಚಿತ್ರವೆಂದರೆ ಪರದೇಶದವರ ಪಿತೂರಿ ಎಂಬ ಮಾತು ಸಿಂಹಳ ಪತ್ರಿಕೆಗಳಲ್ಲಿ ಗಟ್ಟಿಯಾಗಿ ಕೂತಿತ್ತು. ದಕ್ಷಿಣದ ಸಿಂಹಳರಿಗೂ ಕಾಣೆಯಾದವರ ನೋವು ಹೊಸದಲ್ಲ. 1987ರಿಂದ 89ರ ನಡುವೆ ಸಿಂಹಳರ ಎಡಪಂಥೀಯ ಪಕ್ಷ ಜೆವಿಪಿಯ ದಂಗೆಯನ್ನು ಹತ್ತಿಕ್ಕಿದಾಗ ಸಾವಿರಾರು ಸಿಂಹಳ ಯುವಕರು ಮನೆಗಳಿಂದ ಕಾಣೆಯಾದರು, ದೇಹಗಳು ರಸ್ತೆಬದಿಯಲ್ಲಿ ಸುಟ್ಟು ಬಿದ್ದಿದ್ದವು. ಆ ತಾಯಂದಿರಿಗೂ ವನ್ನಿಯ ತಾಯಂದಿರಿಗೂ ನಡುವೆ ಒಂದು ಸೇತುವೆ ಕಟ್ಟಬಹುದಿತ್ತು. ಹಾಗೆ ಕಟ್ಟಲು ಬೇರೆ ಬಗೆಯ ಚಿತ್ರ ಬೇಕು. ಆರೋಪಪಟ್ಟಿಯ ಹಾಗೆ ರಚಿತವಾದ ಚಿತ್ರ ಆ ಕೆಲಸ ಮಾಡಲಾರದು, ‘ನೋ ಫೈರ್ ಝೋನ್’ ಅದನ್ನು ಮಾಡಲು ಹೊರಟೂ ಇರಲಿಲ್ಲ.

ಆರೋಪಪಟ್ಟಿಯಾಗಿಯೇ ಅದರ ಫಲ ನೋಡಬೇಕು. 2015ರ ಸೆಪ್ಟೆಂಬರಿನಲ್ಲಿ ಬಂದ ವಿಶ್ವಸಂಸ್ಥೆಯ ತನಿಖಾ ವರದಿ, ಅಂತರರಾಷ್ಟ್ರೀಯ ನ್ಯಾಯಾಧೀಶರೂ ಇರುವ ವಿಶೇಷ ನ್ಯಾಯಾಲಯ ಬೇಕೆಂದಿತು. ಶ್ರೀಲಂಕಾದ ಹೊಸ ಸರ್ಕಾರ ಮಾನವ ಹಕ್ಕು ಮಂಡಳಿಯ ಆ ವರ್ಷದ ನಿರ್ಣಯವನ್ನು ತಾನೂ ಸೇರಿ ಮಂಡಿಸಿತು. 2020ರ ಫೆಬ್ರವರಿಯಲ್ಲಿ, ಗೋಟಬಯ ರಾಜಪಕ್ಸ ಅಧ್ಯಕ್ಷರಾದ ಮೇಲೆ, ಶ್ರೀಲಂಕಾ ಅದರಿಂದ ಹಿಂದೆ ಸರಿಯಿತು. ಯುದ್ಧಕಾಲದಲ್ಲಿ ಅವರೇ ರಕ್ಷಣಾ ಕಾರ್ಯದರ್ಶಿಯಾಗಿದ್ದವರು. ಮರುತಿಂಗಳು ಅವರು, 2000ದಲ್ಲಿ ಮಿರುಸುವಿಲ್ ಎಂಬಲ್ಲಿ ಎಂಟು ತಮಿಳು ನಾಗರಿಕರನ್ನು ಕೊಂದದ್ದಕ್ಕೆ ಶಿಕ್ಷೆಯಾಗಿದ್ದ ಸೈನಿಕನಿಗೆ ಕ್ಷಮಾದಾನ ಕೊಟ್ಟರು.

2021ರ ಮಾರ್ಚಿನ ನಿರ್ಣಯದ ಮೇಲೆ ಮಾನವ ಹಕ್ಕು ಹೈಕಮಿಷನರ್ ಕಚೇರಿಯಲ್ಲಿ ಶ್ರೀಲಂಕಾ ಕುರಿತ ಪುರಾವೆ ಸಂಗ್ರಹಿಸಿ ಕಾಪಾಡುವ ವಿಭಾಗ ಶುರುವಾಯಿತು. ಮುಂದೆ ಯಾವುದಾದರೂ ದೇಶದ ನ್ಯಾಯಾಲಯ ಮೊಕದ್ದಮೆ ಕೈಗೆತ್ತಿಕೊಂಡರೆ ಒದಗಬೇಕೆಂಬುದು ಅದರ ಉದ್ದೇಶ. ಅಲ್ಲಿಗೆ ಬೇಕಾದದ್ದು ಸಂಕಲಿತ ಚಿತ್ರ ಅಲ್ಲ, ಕತ್ತರಿ ಬೀಳದ ಮೂಲ ಫೈಲು: ಯಾರ ಕೈಯಿಂದ ಯಾರ ಕೈಗೆ ಬಂತೆಂಬ ದಾಖಲೆ ಸಮೇತ, ಸಂಗೀತವಿಲ್ಲದೆ, ನಿರೂಪಣೆಯಿಲ್ಲದೆ.

ಮಣಿಪುರದಲ್ಲಿ 2023ರ ಮೇ 4ರಂದು ಇಬ್ಬರು ಹೆಂಗಸರ ಮೇಲೆ ನಡೆದ ದೌರ್ಜನ್ಯವನ್ನು ಗುಂಪಿನೊಳಗಿನ ಮೊಬೈಲೇ ತೆಗೆದಿತ್ತು, ದೇಶಕ್ಕೆ ಗೊತ್ತಾದದ್ದು ಜುಲೈ 19ರ ಸುಮಾರಿಗೆ. ಆ ನೆಲದ ಬಗ್ಗೆ ಚಿತ್ರ ಮಾಡಲು ಹೊರಡುವ ನಮ್ಮ ಹುಡುಗ ಹುಡುಗಿಯರ ಕೈಗೂ ಇಂಥ ತುಣುಕುಗಳು ಬರುತ್ತವೆ, ವಾಟ್ಸಾಪಿನಲ್ಲಿ ಹತ್ತು ಕೈ ದಾಟಿ, ಮೆಟಾಡೇಟಾ ಅಳಿಸಿಹೋಗಿ. ಮೊದಲು ಹುಡುಕಬೇಕಾದದ್ದು ಮೂಲ ಫೋನನ್ನು. ಸಿಕ್ಕರೆ ಒಂದು ಪ್ರತಿಯನ್ನು ಮುಟ್ಟದೆ ಎತ್ತಿಡಬೇಕು. ತೆಗೆದವನು ಯಾವ ಕಡೆ ನಿಂತಿದ್ದ, ಅವನ ಬೆನ್ನ ಹಿಂದೆ ಏನು ನಡೆಯುತ್ತಿತ್ತು ಎಂದು ಅಲ್ಲಿದ್ದ ಬೇರೆಯವರನ್ನು ಕೇಳಬೇಕು. ಸಂಕಲನದ ಕೋಣೆಗೆ ಹೋಗುವುದು ಅದಾದ ಮೇಲೆ.